ಪೂರಕವೆಂದರೆ ಎಷ್ಟು?

ನಾರಾಯಣಖೇಡದ ಸಮೀಪದ ಹಳ್ಳಿಯೊಂದರ ಮನೆಯ ಪಡಸಾಲೆಯಲ್ಲಿ, ಮಾರ್ಚ್ ತಿಂಗಳ ಒಂದು ಸಂಜೆ, ಒಂದೇ ಲೆಕ್ಕಕ್ಕೆ ಎರಡು ಉತ್ತರಗಳು ಬಂದವು. ಲೆಕ್ಕ ದೊಡ್ಡದೇನಲ್ಲ: ಒಂದು ಕೋನವು ತನ್ನ ಪೂರಕ ಕೋನದ ನಾಲ್ಕರಷ್ಟಿದೆ, ಆ ಎರಡು ಕೋನಗಳು ಯಾವುವು? ಗಡಿಯಾಚೆಯ ಕಾಲೇಜಿನಲ್ಲಿ ಐಚ್ಛಿಕ ಕನ್ನಡ ಓದುತ್ತಿದ್ದು ರಜೆಗೆಂದು ಊರಿಗೆ ಬಂದಿದ್ದ ಅಕ್ಕ 72 ಮತ್ತು 18 ಎಂದಳು. ಉದಗೀರಿನಿಂದ ಬಂದಿದ್ದ ಸೋದರಮಾವ, ಕಾಗದವನ್ನೇ ಮುಟ್ಟದೆ, 144 ಮತ್ತು 36 ಎಂದರು. ಹತ್ತನೆಯ ತರಗತಿಯ ಪರೀಕ್ಷೆಗೆ ಕೂರಬೇಕಾಗಿದ್ದ ತಮ್ಮ ಇಬ್ಬರ ಮುಖವನ್ನೂ ನೋಡಿ, "ಅಕ್ಕಾ, ಇದು ಲೆಕ್ಕ ಅಲ್ಲ, ಒಗಟು ಅದ" ಎಂದು ಪುಸ್ತಕ ಮುಚ್ಚಿದ.

ಹುಡುಗ ಪುಸ್ತಕ ಮುಚ್ಚುವುದು ಆ ಮನೆಯಲ್ಲಿ ಸಣ್ಣ ಸಂಗತಿಯಾಗಿರಲಿಲ್ಲ. ಶಾಲೆಯ ಪೂರ್ವಸಿದ್ಧತಾ ಪರೀಕ್ಷೆಯಲ್ಲಿ ಅವನು ಗಣಿತವೊಂದರಲ್ಲಿ ಅನುತ್ತೀರ್ಣನಾಗಿದ್ದ. ಅಪ್ಪ ತಾಂಡೂರಿನ ಕಲ್ಲು ಹೊಳಪಿಸುವ ಕಾರ್ಖಾನೆಯೊಂದರಲ್ಲಿ ದುಡಿಯುತ್ತಿದ್ದರು. ಅಲ್ಲಿ ಹದಿನಾರು ತುಂಬಿದ ಕೈಗಳಿಗೆ ಕೆಲಸ ಕಾಯುತ್ತಿರುತ್ತದೆಂಬುದು ಎಲ್ಲರಿಗೂ ತಿಳಿದಿತ್ತು. ಯಾರೂ ಅದನ್ನು ಬಾಯಿಬಿಟ್ಟು ಆಡುತ್ತಿರಲಿಲ್ಲ, ಅಷ್ಟೆ.

ಅಕ್ಕನಿಗೆ ಆ ಸಂಜೆ ಕಾಡಿದ್ದು ತಮ್ಮನ ಒಗಟಿಗಿಂತ ಮಾವನ ಉತ್ತರ. ಆ ಎರಡು ಸಂಖ್ಯೆಗಳನ್ನು ಆಕೆ ಎಲ್ಲಿಯೋ ಕಂಡಿದ್ದಳು. ಜಹೀರಾಬಾದಿನಲ್ಲಿ ಹಾಸ್ಟೆಲಿನಲ್ಲಿದ್ದು ತೆಲುಗು ಮಾಧ್ಯಮದಲ್ಲಿ ಹತ್ತನೆಯ ತರಗತಿ ಓದಿದಾಗ ಇಂಥದೇ ಲೆಕ್ಕಕ್ಕೆ ಆಕೆ ಬರೆದ ಉತ್ತರವೂ ಹೀಗೆಯೇ ಇತ್ತು. ಕೆಂಪು ಶಾಯಿಯ ಅಡ್ಡಗೆರೆಯೊಂದು ಅದರ ಮೇಲೆ ಹಾದುಹೋಗಿತ್ತು. ಆ ವರ್ಷದ ರಜೆಯಲ್ಲಿ ಆಕೆಗೆ ಕೋನಗಳ ಪಾಠ ಹೇಳಿಕೊಟ್ಟವರು ಇದೇ ಸೋದರಮಾವ. ತನಗೆ ಗಣಿತ ಹತ್ತುವುದಿಲ್ಲವೆಂದು ಅಂದು ತೀರ್ಮಾನಿಸಿಕೊಂಡವಳು ಮುಂದೆ ಕನ್ನಡವನ್ನು ಆರಿಸಿಕೊಂಡಳು. ಕನ್ನಡವನ್ನು ಪ್ರೀತಿಯಿಂದಲೇ ಆರಿಸಿಕೊಂಡಳೆಂಬುದೂ ನಿಜ. ಆದರೆ ಆ ಪ್ರೀತಿಯ ಹಿಂದೆ ಒಂದು ಸೋಲಿನ ನೆರಳಿತ್ತೆಂಬುದೂ ಅಷ್ಟೇ ನಿಜ. ಕನ್ನಡ ವಿಭಾಗಗಳಿಗೆ ಬರುವ ಅನೇಕರ ಕಥೆ ಇದಕ್ಕಿಂತ ಬಹಳ ಬೇರೆಯಾಗಿರಲಾರದು.

ಮಾವ ದಡ್ಡರಲ್ಲ. ಮರಾಠಿ ಮಾಧ್ಯಮದಲ್ಲಿ ಓದಿದವರು, ಅಡತಿ ಅಂಗಡಿಯಲ್ಲಿ ಲೆಕ್ಕ ಬರೆಯುವವರು, ಬಾಯಿಲೆಕ್ಕದಲ್ಲಿ ಗಟ್ಟಿಗರು. ಅವರ ಉತ್ತರವನ್ನು ಪರೀಕ್ಷಿಸಿ ನೋಡಿದರೆ 144 ಎಂಬುದು 36ರ ನಾಲ್ಕರಷ್ಟೇ ಹೌದು. ಎರಡನ್ನೂ ಕೂಡಿಸಿದರೆ 180. ಅಕ್ಕನ ಸಂಖ್ಯೆಗಳ ಮೊತ್ತ 90. ಮಾವನ ಪ್ರತಿಯೊಂದು ಸಂಖ್ಯೆಯೂ ಅಕ್ಕನದರ ಸರಿಯಾಗಿ ಎರಡರಷ್ಟು. ತಪ್ಪಿಗೆ ಇಂಥ ಶಿಸ್ತು ಇರುವುದಿಲ್ಲ. "ಮಾಮಾ, ಪೂರಕ ಅಂದ್ರ ಎಷ್ಟು?" ಎಂದು ಆಕೆ ಕೇಳಿದಳು. "ಒಂದುನೂರಾ ಎಂಬತ್ತು. ತೊಂಬತ್ತಿಗೆ ಕೋಟಿಕೋನ ಅಂತಾರ" ಎಂದರು ಅವರು, ಇದೂ ಗೊತ್ತಿಲ್ಲವೇ ಎಂಬಂತೆ.

ಗುಟ್ಟು ಅಲ್ಲಿತ್ತು. ಕನ್ನಡದ ಪಠ್ಯಪುಸ್ತಕಗಳಲ್ಲಿ ಮೊತ್ತ 90 ಡಿಗ್ರಿಯಾದರೆ ಪೂರಕ ಕೋನಗಳು, 180 ಆದರೆ ಪರಿಪೂರಕ ಕೋನಗಳು. ತೆಲುಗಿನಲ್ಲಿಯೂ ತೊಂಬತ್ತಕ್ಕೆ ಪೂರಕ, ನೂರೆಂಬತ್ತಕ್ಕೆ ಸಂಪೂರಕ. ಮರಾಠಿಯಲ್ಲಿ ಮಾತ್ರ ತೊಂಬತ್ತಕ್ಕೆ ಕೋಟಿಕೋನವೆಂದೂ ನೂರೆಂಬತ್ತಕ್ಕೆ ಪೂರಕಕೋನವೆಂದೂ ಹೆಸರು. ಮೂರೂ ಭಾಷೆಗಳು ಒಂದೇ ಸಂಸ್ಕೃತ ಕಣಜದಿಂದ ಪದ ತಂದುಕೊಂಡಿವೆ. ತಂದಮೇಲೆ ಬೇರೆ ಬೇರೆ ಗೂಟಗಳಿಗೆ ಕಟ್ಟಿವೆ. ಹೊರಗಿನವರಿಗೆ ಇದೊಂದು ಕುತೂಹಲದ ಸಂಗತಿ ಮಾತ್ರ. ನಾರಾಯಣಖೇಡದ ಸೀಮೆಯಲ್ಲಿ ಇದು ಒಂದೇ ಚಾಪೆಯ ಮೇಲೆ ಕುಳಿತ ಮೂವರ ನಡುವಣ ಮಾತು.

ಏಕೆಂದರೆ ಈ ಊರುಗಳೆಲ್ಲ ಹಿಂದೆ ಒಂದೇ ಜಿಲ್ಲೆಯವು. 1956ರ ನವೆಂಬರ್ 1ರವರೆಗೆ ನಾರಾಯಣಖೇಡವೂ ಜಹೀರಾಬಾದೂ ಉದಗೀರೂ ಹೈದರಾಬಾದ್ ರಾಜ್ಯದ ಬೀದರ್ ಜಿಲ್ಲೆಯಲ್ಲಿದ್ದವು. ರಾಜ್ಯ ಪುನರ್ವಿಂಗಡಣೆಯಾದಾಗ ನಾರಾಯಣಖೇಡ ತಾಲ್ಲೂಕು, ನಿರ್ಣಾ ವೃತ್ತವನ್ನು ಬಿಟ್ಟು ಉಳಿದ ಜಹೀರಾಬಾದ್ ತಾಲ್ಲೂಕು ಮತ್ತು ಬೀದರ್ ತಾಲ್ಲೂಕಿನ ನ್ಯಾಲ್ಕಲ್ ವೃತ್ತ ಆಂಧ್ರಪ್ರದೇಶಕ್ಕೆ ಸೇರಿದವು. ಉದಗೀರ್, ನಿಲಂಗಾ, ಅಹಮದ್‌ಪುರಗಳು ಮುಂಬಯಿ ರಾಜ್ಯಕ್ಕೆ ಹೋದವು. ಉಳಿದುದು ಮೈಸೂರಿಗೆ ಬಂದಿತು. ಗುಲ್ಬರ್ಗಾ ಜಿಲ್ಲೆಯ ತಾಂಡೂರು ಮತ್ತು ಕೊಡಂಗಲ್ ತಾಲ್ಲೂಕುಗಳೂ ಅದೇ ದಿನ ಆಂಧ್ರಪ್ರದೇಶದ ಪಾಲಾದವು. ಈಗ ಜಹೀರಾಬಾದ್, ನಾರಾಯಣಖೇಡಗಳು ತೆಲಂಗಾಣದ ಸಂಗಾರೆಡ್ಡಿ ಜಿಲ್ಲೆಯಲ್ಲಿಯೂ ತಾಂಡೂರು ವಿಕಾರಾಬಾದ್ ಜಿಲ್ಲೆಯಲ್ಲಿಯೂ ಇವೆ. ಗೆರೆ ಎಳೆದವರು ಹೊಲ, ರಸ್ತೆ, ಕಚೇರಿಗಳನ್ನು ಲೆಕ್ಕಹಾಕಿರಬಹುದು. ಬೀಗತನ ಮಾತ್ರ ಗೆರೆ ದಾಟಿ ನಡೆಯುತ್ತಲೇ ಬಂದಿತು. ಹೆಣ್ಣು ಕೊಡುವ ಊರಿನಲ್ಲಿ ಒಂದು ಪಠ್ಯಪುಸ್ತಕ, ತರುವ ಊರಿನಲ್ಲಿ ಇನ್ನೊಂದು. ಮಾವ ಸೊಸೆಗೆ ಕೋನಗಳ ಪಾಠ ಹೇಳಿದಾಗ ಪೂರಕವೆಂಬ ಒಂದೇ ಪದ ಎರಡು ರಾಜ್ಯಗಳ ನಡುವೆ ಯಾರ ಗಮನಕ್ಕೂ ಬಾರದೆ ಅರ್ಥ ಬದಲಿಸಿತು.

ಮರಾಠಿಯ ಕೋಟಿಕೋನವನ್ನು ನಗೆಯಾಡಿ ಬಿಡುವಂತಿಲ್ಲ. ಲಂಬಕೋನ ತ್ರಿಭುಜದ ಬದಿಗಳನ್ನು ನಮ್ಮ ಹಳೆಯ ಗಣಿತಜ್ಞರು ಭುಜ, ಕೋಟಿ, ಕರ್ಣವೆಂದು ಕರೆದರು. ಒಂದು ಕೋನದ ಜ್ಯಾ ಭುಜಜ್ಯಾ. ಅದಕ್ಕೆ ತೊಂಬತ್ತು ತುಂಬಲು ಬೇಕಾದ ಕೋನದ ಜ್ಯಾ ಕೋಟಿಜ್ಯಾ. ಇಂದಿನ ತ್ರಿಕೋನಮಿತಿಯ ಕೊಸೈನ್ ಕೂಡ ಅದೇ: ಪೂರಕದ ಸೈನ್ ಎಂಬರ್ಥದ ಲ್ಯಾಟಿನ್ ಮಾತನ್ನು ಇಂಗ್ಲೆಂಡಿನ ಎಡ್ಮಂಡ್ ಗುಂಟರ್ 1620ರಲ್ಲಿ ಮೊಟಕುಗೊಳಿಸಿ ಬಳಸಿದ. ಮಾವನ ಪದದಲ್ಲಿ ಒಂದು ಪರಂಪರೆ ಉಳಿದಿದೆ, ತಮ್ಮನ ಪದದಲ್ಲಿ ಇನ್ನೊಂದು. ಪರೀಕ್ಷೆಯಲ್ಲಿ ಅಂಕ ಹೋಗುವಾಗ ಪರಂಪರೆ ಕೈಹಿಡಿಯುವುದಿಲ್ಲವೆಂಬುದು ಬೇರೆ ಮಾತು.

ಪೂರಕದ ಅರ್ಥ ಇತ್ಯರ್ಥವಾದ ಮೇಲೂ ತಮ್ಮನ ಒಗಟು ಒಗಟಾಗಿಯೇ ಉಳಿಯಿತು. ಅವನಿಗೆ ಸಮೀಕರಣ ಬಿಡಿಸಲು ಬರುತ್ತಿತ್ತು. X ಎಂದು ಕೊಟ್ಟರೆ ಸಾಕು, ಉತ್ತರ ತರುತ್ತಿದ್ದ. ಮಾತಿನಲ್ಲಿ ಕೊಟ್ಟ ಲೆಕ್ಕದೆದುರು ಮಾತ್ರ ಕೈಕಟ್ಟಿ ಕೂರುತ್ತಿದ್ದ. ಅಂದರೆ ತೊಡಕು ಗಣಿತದಲ್ಲಿರಲಿಲ್ಲ, ವಾಕ್ಯದಲ್ಲಿತ್ತು. ಅಕ್ಕನಿಗೆ ಇದು ಹೊಳೆದದ್ದು ಅವನ ತೆಲುಗು ಪುಸ್ತಕದ ವಾಕ್ಯವನ್ನು ಗಟ್ಟಿಯಾಗಿ ಓದಿಸಿದಾಗ. 'ದಾನಿ ಪೂರಕ ಕೋಣಾನಿಕಿ ನಾಲುಗು ರೆಟ್ಲು' ಎಂದು ಅವನು ಓದಿದ. ತೆಲುಗಿನಲ್ಲಿ ಪಟ್ಟು ಹೇಳುವಾಗ ಚತುರ್ಥೀ ವಿಭಕ್ತಿ ಬರುತ್ತದೆ: ಕೋಣಾನಿಕಿ, ಎಂದರೆ ಕೋನಕ್ಕೆ. ಕನ್ನಡದಲ್ಲಿ ಷಷ್ಠಿ: ಕೋನದ ನಾಲ್ಕರಷ್ಟು. ಮನೆಯಲ್ಲಿ ಕನ್ನಡ ಆಡಿ ಬೆಳೆದ ಕಿವಿಗೆ 'ಕೋನಕ್ಕೆ ನಾಲ್ಕು' ಎಂಬುದು ಕೂಡಿಸುವ ಮಾತಾಗಿ ಕೇಳಿಸುತ್ತದೆ. ಹುಡುಗ ಪೂರಕ ಕೋನಕ್ಕೆ ನಾಲ್ಕನ್ನು ಕೂಡಿಸಿ 47 ಮತ್ತು 43 ಎಂದು ಬರೆದಿದ್ದ. ಮೊತ್ತ ತೊಂಬತ್ತೇ. ಅವನ ದೃಷ್ಟಿಯಲ್ಲಿ ಲೆಕ್ಕ ಸರಿಯಾಗಿಯೇ ಮುಗಿದಿತ್ತು.

ತೆಲುಗಿನ ಕೋಣದ ಬಗೆಗೆ ಒಂದು ಮಾತು. ಸಂಸ್ಕೃತದ ಮೂಲರೂಪವೂ ಕೋಣವೇ. ಕನ್ನಡ ಪುಸ್ತಕಗಳು ಕೋನವೆಂದು ಬರೆಯುತ್ತವೆ. ಎಮ್ಮೆಗಳ ಊರಿನಲ್ಲಿ 'ಪೂರಕ ಕೋಣ'ವೆಂದು ಹುಡುಗರ ಮುಂದೆ ಗಂಭೀರವಾಗಿ ಓದುವುದು ಯಾವ ಮೇಷ್ಟರಿಗೂ ಸುಲಭವಲ್ಲ. ಆ ಸಂಜೆಯೂ ಸ್ವಲ್ಪ ಹೊತ್ತು ಪಾಠ ನಿಂತು ನಗೆಯೇ ನಡೆಯಿತು.

ಆಮೇಲೆ ಆಕೆ ಮಾಡಿದ ಕೆಲಸವನ್ನು ವ್ಯಾಕರಣ ತರಗತಿಯಲ್ಲಿ ಕುಳಿತವರೆಲ್ಲ ಮಾಡಬಲ್ಲರು. ಲೆಕ್ಕದ ವಾಕ್ಯವನ್ನು ತೆಗೆದುಕೊಂಡು ಪ್ರತ್ಯಯಗಳ ಕೆಳಗೆ ಗೆರೆ ಎಳೆದಳು. 'ಒಂದು ಕೋನವು ತನ್ನ ಪೂರಕ ಕೋನಕ್ಕಿಂತ 20 ಡಿಗ್ರಿ ಹೆಚ್ಚು.' ಇಲ್ಲಿ 'ತನ್ನ' ಎಂಬುದು ಯಾರದು? ಕರ್ತೃವಾದ ಕೋನದ್ದು. ಕೋನ x ಆದರೆ 'ತನ್ನ ಪೂರಕ' 90 − x. ಹೊಸದೊಂದು ಅಕ್ಷರ ಹುಡುಕಬೇಕಾಗಿಲ್ಲ. ಸರ್ವನಾಮವೊಂದು ಅರ್ಧ ಸಮೀಕರಣವನ್ನು ಬರೆದುಕೊಟ್ಟಿತು. 'ಕ್ಕಿಂತ' ಮತ್ತು 'ಹೆಚ್ಚು' ಜೊತೆಯಾಗಿ ಬಂದರೆ ಕೂಡುವುದು. x = (90 − x) + 20. ಕೋನ 55, ಪೂರಕ 35.

ಇನ್ನೊಂದು: 'ಒಂದು ಕೋನವು ತನ್ನ ಪೂರಕ ಕೋನದ ಎರಡರಷ್ಟಕ್ಕಿಂತ 15 ಡಿಗ್ರಿ ಕಡಿಮೆ.' ಹತ್ತನೆಯ ತರಗತಿಯ ಮಕ್ಕಳು ಎಡವುವುದು ಇಂಥಲ್ಲಿಯೇ. ತಮ್ಮನ ಪುಸ್ತಕದಲ್ಲಿ ಒಂದು ಪುಟ ತೆಲುಗು, ಎದುರು ಪುಟ ಇಂಗ್ಲಿಷ್. ಇಂಗ್ಲಿಷ್ ವಾಕ್ಯ ಹದಿನೈದನ್ನು ಮೊದಲು ಹೇಳಿ, ಎರಡರಷ್ಟನ್ನು ಆಮೇಲೆ ತಂದು, ಪೂರಕವನ್ನು ಕೊನೆಗೆ ಇಡುತ್ತದೆ. ಓದಿದ ಕ್ರಮದಲ್ಲಿಯೇ ಬರೆದವನು ಹದಿನೈದರಿಂದ ಕಳೆಯತೊಡಗುತ್ತಾನೆ. ಕನ್ನಡ ವಾಕ್ಯ ಹಾಗಲ್ಲ. ಮೊದಲು ಪೂರಕ ಕೋನ. ಅದರ ಮೇಲೆ ಷಷ್ಠಿ ಮತ್ತು 'ಎರಡರಷ್ಟು', ಆದ್ದರಿಂದ ಗುಣಿಸು. ಅದರ ಮೇಲೆ 'ಕ್ಕಿಂತ ಕಡಿಮೆ', ಆದ್ದರಿಂದ ಕಳೆ. ಪ್ರಕೃತಿಗೆ ಪ್ರತ್ಯಯಗಳು ಯಾವ ಕ್ರಮದಲ್ಲಿ ಹತ್ತುತ್ತವೆಯೋ ಕೈಯೂ ಅದೇ ಕ್ರಮದಲ್ಲಿ ಲೆಕ್ಕ ಮಾಡಬೇಕು. 2(90 − x) − 15. ಕೋನ ಮತ್ತೆ 55. ಈಗ ಅದೇ ಪದಗಳನ್ನು ಹಿಂದುಮುಂದು ಮಾಡಿ, 'ಪೂರಕ ಕೋನಕ್ಕಿಂತ 15 ಡಿಗ್ರಿ ಕಡಿಮೆಯಾದುದರ ಎರಡರಷ್ಟು' ಎಂದರೆ, ಮೊದಲು ಕಳೆದು ಆಮೇಲೆ ಗುಣಿಸಬೇಕು. ಉತ್ತರ 50 ಮತ್ತು 40. ಪದಗಳು ಅವೇ, ಪ್ರತ್ಯಯಗಳು ಅವೇ. ಯಾವುದು ಯಾವುದರ ಮೇಲೆ ಕುಳಿತಿತೆಂಬುದಷ್ಟೇ ವ್ಯತ್ಯಾಸ. ತೆಲುಗು ವಾಕ್ಯವೂ ಇದೇ ಕ್ರಮದಲ್ಲಿ ನಡೆಯುತ್ತದೆ. ವಿಭಕ್ತಿಯೊಂದು ತಿಳಿದ ಮೇಲೆ ಹುಡುಗನಿಗೆ ತನ್ನ ಪುಸ್ತಕದ ತೆಲುಗು ಪುಟವೂ ಬಾಯಿಬಿಟ್ಟಿತು.

ಭಾಷೆಯ ಕಡೆಯಿಂದಲೇ ತಪ್ಪಿದ ಲೆಕ್ಕಗಳೂ ಉಂಟು. 'ಪೂರಕಕ್ಕಿಂತ ಎರಡು ಪಟ್ಟು ಹೆಚ್ಚು' ಎಂದು ಬರೆಯುವ ರೂಢಿ ಹಲವೆಡೆ ಇದೆ. ಎರಡರಷ್ಟು ಎಂದು ಹಿಡಿದರೆ ಕೋನ 60. ಇದ್ದುದರ ಮೇಲೆ ಇನ್ನೂ ಎರಡು ಪಟ್ಟು ಎಂದು ಹಿಡಿದರೆ 67½. ಎರಡೂ ಅರ್ಥಕ್ಕೆ ಎಡೆಯಿರುವ ವಾಕ್ಯವನ್ನು ಬರೆದು ಒಂದೇ ಉತ್ತರಕ್ಕೆ ಅಂಕ ಕೊಡುವುದು ನ್ಯಾಯವಲ್ಲ. 'ರಷ್ಟು' ಎಂಬ ಚೊಕ್ಕ ರೂಪ ಕೈಯಲ್ಲಿರುವಾಗ ಅದನ್ನು ಬಿಡುವುದೇಕೆ? ಗಣಿತದ ಪಠ್ಯ ಬರೆಯುವ ಸಮಿತಿಯಲ್ಲಿ ವ್ಯಾಕರಣ ಬಲ್ಲ ಒಬ್ಬರಾದರೂ ಇರಬೇಕೆನ್ನುವುದು ಕನ್ನಡದವರ ಅಹಂಕಾರವೇನಲ್ಲ.

ಕನ್ನಡ ಓದುವವರಿಗೆ ಗಣಿತ ಹೊರಗಿನದೆಂಬ ಭಾವನೆ ಈ ಸೀಮೆಗಂತೂ ಸಲ್ಲದು. ತಾಂಡೂರನ್ನು ಹಾದುಹೋಗುವ ಕಾಗಿಣಾ ನದಿ ಪಶ್ಚಿಮಕ್ಕೆ ಹರಿದು ಸೇಡಂ ತಾಲ್ಲೂಕಿನ ಮಳಖೇಡವನ್ನು ತಲುಪುತ್ತದೆ. ಅದೇ ರಾಷ್ಟ್ರಕೂಟರ ಮಾನ್ಯಖೇಟ. ಅಮೋಘವರ್ಷ ನೃಪತುಂಗನ ಹೆಸರಿನೊಡನೆ ಕವಿರಾಜಮಾರ್ಗವನ್ನು ನೆನೆಯುವ ವಿದ್ಯಾರ್ಥಿಗಳು ಅದೇ ಅರಸನ ಪ್ರಶಸ್ತಿಯಿಂದ ಆರಂಭವಾಗುವ ಇನ್ನೊಂದು ಗ್ರಂಥವನ್ನೂ ನೆನೆಯಬೇಕು: 9ನೆಯ ಶತಮಾನದ ಮಹಾವೀರಾಚಾರ್ಯನ ಗಣಿತಸಾರಸಂಗ್ರಹ. ಸಂಸ್ಕೃತದಲ್ಲಿರುವ ಆ ಗ್ರಂಥ ಮಾತಿನ ಲೆಕ್ಕಗಳ ಭಂಡಾರ. ಹರಿದ ಹಾರದಿಂದ ಚೆಲ್ಲಿದ ಮುತ್ತುಗಳು, ದಾರಿಯ ವರ್ತಕರು, ಹಂಚಬೇಕಾದ ಹಣ್ಣುಗಳು, ಎಲ್ಲವೂ ಪದ್ಯದಲ್ಲಿ. ಆ ಲೆಕ್ಕ ಬಿಡಿಸುವವನು ಮೊದಲು ಪದ್ಯವನ್ನು ಅನ್ವಯಿಸಿಕೊಳ್ಳಬೇಕಿತ್ತು. 11ನೆಯ ಶತಮಾನದವನೆಂದು ಹೇಳಲಾಗುವ ಪಾವುಲೂರಿ ಮಲ್ಲನ ಅದನ್ನು ತೆಲುಗಿಗೆ ತಂದ. 12ನೆಯ ಶತಮಾನದ ರಾಜಾದಿತ್ಯ ಕನ್ನಡದಲ್ಲಿಯೇ ವ್ಯವಹಾರಗಣಿತ, ಕ್ಷೇತ್ರಗಣಿತ ಮೊದಲಾದುವನ್ನು ರಚಿಸಿದ. ಗಣಿತಸಾರಸಂಗ್ರಹವನ್ನು 1912ರಲ್ಲಿ ಎಂ. ರಂಗಾಚಾರ್ಯರು ಇಂಗ್ಲಿಷ್ ಅನುವಾದದೊಡನೆ ಮದರಾಸಿನಲ್ಲಿ ಪ್ರಕಟಿಸಿದರು. ಕನ್ನಡ, ತೆಲುಗುಗಳೆರಡೂ ಒಂದೇ ಗ್ರಂಥದ ಋಣದಲ್ಲಿರುವ ವಿಷಯಗಳು ಹೆಚ್ಚಿಲ್ಲ, ಗಣಿತ ಅವುಗಳಲ್ಲೊಂದು.

ಆ ಗ್ರಂಥದ ಕೊನೆಯ ಭಾಗ ಛಾಯಾವ್ಯವಹಾರ, ನೆರಳಿನ ಲೆಕ್ಕ. ಅದನ್ನು ಗ್ರಂಥಾಲಯದಲ್ಲಿ ತಿರುವಿಹಾಕಿದ್ದ ನೆನಪು ಅಕ್ಕನಿಗೆ ಒದಗಿ ಬಂದದ್ದು ಮಾರ್ಚ್ 21ರಂದು. ನಾರಾಯಣಖೇಡದ ಅಕ್ಷಾಂಶ ಸುಮಾರು 18 ಡಿಗ್ರಿ. ಹಗಲಿರುಳು ಸಮನಾಗುವ ಆ ಸುಮಾರಿಗೆ ಸೂರ್ಯ ಭೂಮಧ್ಯರೇಖೆಯ ನೆತ್ತಿಯ ಮೇಲಿರುತ್ತಾನೆ. ಆದ್ದರಿಂದ ಈ ಊರಿನ ನಡುಹಗಲಿನಲ್ಲಿ ಅವನು ನೆತ್ತಿಯಿಂದ 18 ಡಿಗ್ರಿ ದಕ್ಷಿಣಕ್ಕೆ ವಾಲಿರುತ್ತಾನೆ, ದಿಗಂತದಿಂದ 72 ಡಿಗ್ರಿ ಮೇಲೇರಿರುತ್ತಾನೆ. ಹದಿನೆಂಟರ ನಾಲ್ಕರಷ್ಟು ಎಪ್ಪತ್ತೆರಡು. ಒಗಟೆಂದು ಹುಡುಗ ಮುಚ್ಚಿಟ್ಟ ಲೆಕ್ಕವೇ ಅವನ ಮನೆಯ ಅಂಗಳದ ಮೇಲೆ ನಿಂತಿತ್ತು.

ಅಂಗಳದಲ್ಲಿ ಮೀಟರು ಉದ್ದದ ಕೋಲೊಂದನ್ನು ನೆಟ್ಟರು. ಅದು ನೆಟ್ಟಗಿದೆಯೇ ಎಂದು ನೋಡಲು ಮಾವ ಗಾರೆಯವನ ಮನೆಯಿಂದ ತೂಕದ ಗುಂಡು ಕಟ್ಟಿದ ದಾರವನ್ನು ತಂದರು. ಗಡಿಯಾರದ ಹನ್ನೆರಡಕ್ಕೆ ನೆರಳು ಇನ್ನೂ ಕಿರಿದಾಗುತ್ತಲೇ ಇತ್ತು. ಈ ಊರಿನ ನಿಜವಾದ ನಡುಹಗಲು ಆ ದಿನ ಹನ್ನೆರಡೂವರೆಗೆ ತುಸು ಮುಂಚೆ ಬರುತ್ತದೆ. ಅವ್ವ ಒಳಗಿನಿಂದ ಊಟಕ್ಕೆ ಎರಡು ಸಲ ಕರೆದರು. ಉತ್ತರಕ್ಕೆ ಚಾಚಿದ್ದ ನೆರಳು ಇನ್ನು ಕಿರಿದಾಗದೆಂದು ಕಂಡಾಗ ಅಳೆದರೆ 33 ಸೆಂಟಿಮೀಟರ್. ಹಳೆಯ ಜ್ಯೋತಿರ್ಗಣಿತದವರು 12 ಅಂಗುಲದ ಶಂಕು ನೆಟ್ಟು ನೋಡಿದ್ದರೆ ಸುಮಾರು 4 ಅಂಗುಲ ನೆರಳು ಸಿಗುತ್ತಿತ್ತು. ಹುಡುಗ ನೋಟುಪುಸ್ತಕದಲ್ಲಿ 10 ಸೆಂಟಿಮೀಟರ್ ನಿಲುಗೆರೆ, 3.3 ಸೆಂಟಿಮೀಟರ್ ಅಡ್ಡಗೆರೆ ಎಳೆದು ತುದಿಗಳನ್ನು ಕೂಡಿಸಿ, ಕೋನಮಾಪಕ ಇಟ್ಟು ನೋಡಿದ. ಮೇಲಿನ ಮೂಲೆಯಲ್ಲಿ 18. ಕೆಳಗಿನದನ್ನು ಅಳೆಯಲು ಹೋದವನು ಕೋನಮಾಪಕವನ್ನು ಹಾಗೆಯೇ ಕೆಳಗಿಟ್ಟ.

ಅಳೆಯದೆ ಬಿಡುವ ಈ ಬುದ್ಧಿ ಅಪ್ಪನಲ್ಲಿ ಮೊದಲಿಂದಲೂ ಇತ್ತೆಂದು ಆ ರಾತ್ರಿ ಫೋನಿನಲ್ಲಿ ತಿಳಿಯಿತು. ತಾಂಡೂರಿನ ಸುಣ್ಣಕಲ್ಲು ಪದರ ಪದರವಾಗಿ ಏಳುತ್ತದೆ. ನೀಲಿ ಛಾಯೆಯದು, ಹಳದಿ ಛಾಯೆಯದು. ಚಪ್ಪಡಿಯ ಮೂಲೆಯನ್ನು ಮೂಲೆಮಟ್ಟ ಹಿಡಿದು ನೋಡುತ್ತಾರೆ. ಉರ್ದು ಬೆರೆತ ಬಾಯಲ್ಲಿ ಅದಕ್ಕೆ ಗುನಿಯಾ. ಓರೆಗೋಡೆಗೆ ಹೊಂದಿಸಬೇಕಾದಾಗ ಆ ಮೂಲೆಯಿಂದ ಓರೆಯಾಗಿ ಕೊಯ್ಯುತ್ತಾರೆ. "ಮೂಲಿ ಸರಿ ಇತ್ತಂದ್ರ ಒಂದು ಅಳದ್ರ ಸಾಕು, ಇನ್ನೊಂದು ತಾನೇ ಬರ್ತದ. ಮೂಲಿನೇ ತಪ್ಪಿದ್ರ ಎರಡೂ ಹೋದ್ವು" ಎಂದರು ಅಪ್ಪ. ಪೂರಕವೆಂಬ ಪದವನ್ನು ಅವರು ಕೇಳಿರಲಿಲ್ಲ. ಕೊನೆಗೆ, ಪರೀಕ್ಷೆಯ ಬಗೆಗೆ ನೇರವಾಗಿ ಕೇಳಲು ಹಿಂಜರಿದು, ತಾಂಡೂರಿನಲ್ಲಿ ಇವತ್ತು ಸೂರ್ಯ ಎಷ್ಟು ಮೇಲಿದ್ದನೆಂದು ಮಗನನ್ನು ಕೇಳಿದರು. ಹುಡುಗ ಭೂಪಟ ತೆರೆದು ಅಕ್ಷಾಂಶ ನೋಡಿದ, 17 ಕಾಲು. ತೊಂಬತ್ತರಿಂದ ಕಳೆದು "ಎಪ್ಪತ್ತೆರಡೂ ಮುಕ್ಕಾಲು" ಎಂದ. "ಹಂಗಾದ್ರ ನಿಮ್ಮೂರಿಗಿಂತ ಮುಕ್ಕಾಲು ಜಾಸ್ತಿ" ಎಂದು ಅಪ್ಪ ಆ ಕಡೆಯಿಂದ ನಕ್ಕರು.

ಮರುದಿನ ಬೆಳಗಿನ ಬಸ್ಸಿಗೆ ಮಾವ ಉದಗೀರಿಗೆ ಹೊರಟರು. ಹೊರಡುವ ಮುನ್ನ ಸೊಸೆಯ ಹಳೆಯ ಉತ್ತರಪತ್ರಿಕೆಯ ಸಂಗತಿ ಅವರ ಕಿವಿಗೆ ಬಿದ್ದಿತು. ಅವರು ಸ್ವಲ್ಪ ಹೊತ್ತು ಚಪ್ಪಲಿ ಮೆಟ್ಟದೆ ಹೊಸ್ತಿಲಲ್ಲಿಯೇ ನಿಂತಿದ್ದು, "ಅವ್ವಾ, ಅವಾಗೇ ಕೇಳಬೇಕಿತ್ತು ನೀ" ಎಂದಷ್ಟೇ ಹೇಳಿದರು. ಆಕೆಗೆ ಹೇಳಲು ಏನೂ ತೋಚಲಿಲ್ಲ. ಬಸ್ಸು ಹೋದ ಮೇಲೆ ನೋಡಿದರೆ, ತಮ್ಮ ತನ್ನ ಗಣಿತ ಪುಸ್ತಕದ ಒಳರಕ್ಷಾಪುಟದಲ್ಲಿ ಎರಡು ಸಾಲು ಬರೆದಿಟ್ಟಿದ್ದ: ಪೂರಕ, 90. ಮಾಮನ ಪೂರಕ, 180.